ಹಾಪ್ಸನ್ ಒಪ್ಪಿದ ಗಳಿಗೆ

ಜುಲೈ 9

ಆಬೆಲ್ ಗಾನ್ಸ್‌ನ 1916ರ ಮೂಕಿ ಚಿತ್ರ ‘ಲೆ ಗಾಜ್ ಮೋರ್ತೆಲ್’ ನೋಡಿದೆ. ಮಾರಕ ಅನಿಲಗಳ ಕಥೆ. ಹಾಪ್ಸನ್ ಎಂಬ ವಿಜ್ಞಾನಿ ಹಾವಿನ ವಿಷದ ಮೇಲೆ ಸಂಶೋಧನೆ ಮಾಡುವವನು. ಯುದ್ಧ ಬಂದು, ವಿಷಾನಿಲ ತಯಾರಿಸಿಕೊಡಿ ಎಂದಾಗ ಮೊದಲು ಒಲ್ಲೆ ಎನ್ನುತ್ತಾನೆ. ರಣರಂಗದಲ್ಲಿ ಮಗ ಅಂಥದೇ ಅನಿಲಕ್ಕೆ ಬಲಿಯಾದ ಮೇಲೆ ಒಪ್ಪಿಬಿಡುತ್ತಾನೆ.

ಮುಂದಿನದೆಲ್ಲ ಆ ಕಾಲದ ರೋಚಕ ಚಿತ್ರಗಳ ಜಾಡು: ಸಂಚು ಹೂಡುವ ನೆಂಟರು, ಹಾವು, ಊರ ಕಡೆ ಹರಿದುಬರುವ ಅನಿಲ. ನನ್ನ ಮನಸ್ಸು ಮಾತ್ರ ಆ ಒಪ್ಪಿಗೆಯಲ್ಲೇ ಸಿಕ್ಕಿಕೊಂಡಿದೆ. ಮಗನನ್ನು ಕಳೆದುಕೊಂಡ ತಂದೆಯ ಎದುರು ನಿಂತು ‘ಬೇಡ’ ಅನ್ನುವ ಎದೆ ಯಾರಿಗಿದೆ?

ಜುಲೈ 10

ನಿದ್ದೆ ಸರಿಯಾಗಿ ಬರಲಿಲ್ಲ. ಈಪ್ರ್ ಬಳಿ ಜರ್ಮನ್ನರು ಫ್ರೆಂಚ್ ಪಡೆಗಳ ಮೇಲೆ ಕ್ಲೋರಿನ್ ಬಿಟ್ಟಿದ್ದು 1915ರ ಏಪ್ರಿಲ್ 22ರಂದು. ಮರುವರ್ಷವೇ ಈ ಚಿತ್ರ. ನೋಡಲು ಬಂದವರಲ್ಲಿ ಎಷ್ಟು ಜನರ ಮಕ್ಕಳು ಆಗಲೂ ಕಂದಕಗಳಲ್ಲಿದ್ದರೋ! 1912ರ ನೊಬೆಲ್ ಪಡೆದ ರಸಾಯನಶಾಸ್ತ್ರಜ್ಞ ವಿಕ್ತೋರ್ ಗ್ರಿನ್ಯಾರ್ ಕೂಡ ಆ ಯುದ್ಧದಲ್ಲಿ ಫ್ರಾನ್ಸಿಗಾಗಿ ಫಾಸ್ಜೀನ್ ವಿಷಾನಿಲದ ಕೆಲಸಕ್ಕೆ ಇಳಿದಿದ್ದ. ಹಾಪ್ಸನ್‌ನನ್ನು ಬರೀ ಕಟ್ಟುಕಥೆ ಎಂದು ತಳ್ಳಿಹಾಕಲಾರೆ.

ಅವನ ಅನಿಲ ಅವನ ಜನರ ಮೇಲೇ ತಿರುಗುವುದನ್ನು ಗಾನ್ಸ್ ಧೈರ್ಯವಾಗಿ ತೋರಿಸಿದ. ಆದರೆ ತಪ್ಪೆಲ್ಲವನ್ನೂ ಆ ಖಳ ನೆಂಟರ ತಲೆಗೆ ಕಟ್ಟಿಬಿಟ್ಟ. ಖಳರು ಅನಿಲದ ಕೊಳವೆ ಒಡೆಯದಿದ್ದರೆ ಆ ಅನಿಲ ಹೋಗುತ್ತಿದ್ದುದಾದರೂ ಎಲ್ಲಿಗೆ? ಇನ್ನೊಬ್ಬ ತಂದೆಯ ಮಗನ ಪುಪ್ಪುಸಕ್ಕೆ. ಚಿತ್ರ ಆ ಮಾತೆತ್ತುವುದಿಲ್ಲ.

ಜುಲೈ 11

ಗಾನ್ಸ್‌ನದೇ ‘ಡಾಕ್ಟರ್ ತ್ಯೂಬ್‌ನ ಹುಚ್ಚು’, 1915ರದು. ವಿಜ್ಞಾನಿಯ ಬಿಳಿ ಪುಡಿಯಿಂದ ಜನರ ಆಕಾರವೇ ಸೊಟ್ಟಗಾಗುತ್ತದೆ. ವಕ್ರಗನ್ನಡಿಗಳ ಚಮತ್ಕಾರ ಚೆನ್ನ. ನಿರ್ಮಾಪಕರು ಆಗ ಬಿಡುಗಡೆಗೇ ಒಪ್ಪಲಿಲ್ಲವಂತೆ. ನನಗೆ ಅಷ್ಟಾಗಿ ತಾಗಲಿಲ್ಲ.

ಜುಲೈ 14

ರೆನೆ ಕ್ಲೇರ್‌ನ ‘ಪಾರಿ ಕಿ ದೋರ್’. ಚಿತ್ರೀಕರಣ 1923ರಲ್ಲಿ. ಐಫೆಲ್ ಗೋಪುರದ ಕಾವಲುಗಾರ ಅಲ್ಬೇರ್ ಬೆಳಿಗ್ಗೆ ಕೆಳಗಿಳಿದರೆ ಪ್ಯಾರಿಸ್ಸೇ ಸ್ತಬ್ಧ. ವಿಜ್ಞಾನಿಯೊಬ್ಬನ ಕಿರಣ ತಗುಲಿ ಜನ ನಿಂತಲ್ಲೇ ನಿಂತಿದ್ದಾರೆ. ಗೋಪುರದ ಮೇಲಿದ್ದ ಅವನೂ, ವಿಮಾನದಲ್ಲಿ ಬಂದಿಳಿದ ಕೆಲವರೂ ಮಾತ್ರ ಪಾರು. ಹೇಳುವವರು ಕೇಳುವವರು ಇಲ್ಲದ ಊರಿನಲ್ಲಿ ಹಣ, ಒಡವೆ, ಹೆಂಡ ಎಲ್ಲಕ್ಕೂ ಕೈಹಾಕುತ್ತಾರೆ. ಬೇಸರ ಬಂದಾಗ ಒಬ್ಬ ಹೆಣ್ಣಿಗಾಗಿ ಗೋಪುರದ ಮೇಲೆ ಹೊಡೆದಾಡುತ್ತಾರೆ.

ನಗಿಸುತ್ತಲೇ ಕ್ಲೇರ್ ಗಾನ್ಸ್‌ಗಿಂತ ಆಳಕ್ಕೆ ಹೋದ ಅನಿಸಿತು. ಇಲ್ಲಿ ಖಳರೇ ಇಲ್ಲ. ಊರು ಎಚ್ಚೆತ್ತ ಮೇಲೆ ಜೇಬು ಬರಿದಾಗಿದೆ ಎಂದು ಗೊತ್ತಾದಾಗ, ಊರನ್ನು ಮತ್ತೆ ಸ್ತಬ್ಧಗೊಳಿಸಲು ಹೊರಡುವವನು ನಮ್ಮ ಒಳ್ಳೆಯ ಕಾವಲುಗಾರನೇ. ಹಾಪ್ಸನ್‌ಗಾದರೂ ಸತ್ತ ಮಗನಿದ್ದ. ಅಲ್ಬೇರ್‌ಗೆ ಬೇಕಾಗಿದ್ದದ್ದು ಅಂದಿನ ಖರ್ಚಿನ ದುಡ್ಡು, ಅಷ್ಟೆ.