ಆಟಗಳನ್ನು ಒಕ್ಕಲೆಬ್ಬಿಸಿದ್ದು

ಬಾಡಿಗೆಗಿದ್ದವರು ಖಾಲಿಮಾಡಿ ಹೋದ ಮನೆಯೊಳಕ್ಕೆ ಒಮ್ಮೆಯಾದರೂ ಕಾಲಿಟ್ಟವರಿಗೆ ನನ್ನ ಮಾತು ಬೇಗ ಅರ್ಥವಾದೀತು. ಸಾಮಾನು ಗಾಡಿಗೆ ಏರಿದೆ, ಬೀಗದ ಕೈ ಯಜಮಾನರ ಕೈಸೇರಿದೆ. ಆದರೂ ಗೋಡೆಯಲ್ಲಿ ಅವರ ಮೊಳೆ, ಮೊಳೆಯಲ್ಲಿ ಹೋದ ವರ್ಷದ ಕ್ಯಾಲೆಂಡರು, ಅಡಿಗೆಮನೆಯ ಗೂಡಿನಲ್ಲಿ ಉಪ್ಪಿನಕಾಯಿ ಜಾಡಿ ಕೂತಿದ್ದ ಎಣ್ಣೆಯ ಉಂಗುರ. ನಮ್ಮ ಮನೆಯ ಕಂಪ್ಯೂಟರಿನಿಂದ ಆಟಗಳನ್ನು ಒಕ್ಕಲೆಬ್ಬಿಸಹೊರಟ ನನಗಾದ ಅನುಭವವೂ ಇಂಥದೇ. ಈ ಸಂಚಿಕೆಯಲ್ಲಿ ಪ್ರತಿವರ್ಷವೂ ಪ್ರವಾಸಕಥನ, ಹಾಸ್ಟೆಲಿನ ಸಾರು, ಪರೀಕ್ಷೆಯ ಭೂತ ಇವು ತಪ್ಪದೆ ಬರುತ್ತವೆ. ಅವುಗಳ ಪಂಕ್ತಿಯ ಕೊನೆಯಲ್ಲಿ ನನಗೂ ಒಂದು ಎಲೆ ಹಾಕಿಸಬೇಕೆಂದು ಸಂಪಾದಕ ಮಂಡಲಿಯವರಲ್ಲಿ ಬೇಡಿಕೊಂಡು ಕತೆಗೆ ಬರುತ್ತೇನೆ.

ಕಂಪ್ಯೂಟರು ನನ್ನದಲ್ಲ, ಅಣ್ಣನದು. ನಮ್ಮೂರಿನ ಮೊಬೈಲ್ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದಾಗ, 2017ರಲ್ಲಿ, ಬೆಂಗಳೂರಿನ ಎಸ್.ಪಿ. ರಸ್ತೆಗೆ ಹೋಗಿ ಚೌಕಾಸಿ ಮಾಡಿ ತಂದ ಎರಡನೆಯ ಕೈಯ ಸರಕು. ಎರಡು ವರ್ಷದ ಮೇಲೆ ಅವನು ಪೀಣ್ಯದ ಕಾರ್ಖಾನೆಯೊಂದಕ್ಕೆ ಸೇರಿಕೊಂಡು ಊರು ಬಿಟ್ಟ. ಪಿ.ಯು.ಸಿ. ಮುಗಿಸಿ ಓದು ನಿಲ್ಲಿಸಿದವನು ಅವನು. ಆ ಕಾರಣದಿಂದ ಓದುತ್ತಿರುವವನು ನಾನು. ಹೋಗುವಾಗ ಕಂಪ್ಯೂಟರನ್ನು ನನಗೆ ಬಿಟ್ಟು, “ಓದಕ್ಕೆ ಇಟ್ಕೋ” ಎಂದ. ಅದರಲ್ಲಿ ತಾನೇ ತುಂಬಿಸಿದ್ದ ಆಟಗಳ ವಿಚಾರವಾಗಿ ಏನೂ ಹೇಳಲಿಲ್ಲ. ನಾನೂ ಕೇಳಲಿಲ್ಲ.

ಮುಖ್ಯವಾದ ಆಟದ ಹೆಸರು ‘ವೈಸ್ ಸಿಟಿ’. ಕೇಳದವರು ನಮ್ಮ ಕಾಲೇಜಿನಲ್ಲಿ ಅಧ್ಯಾಪಕರ ಕೊಠಡಿಯಲ್ಲಿ ಮಾತ್ರ ಸಿಕ್ಕಾರು. ಅಲ್ಲಿಯೂ ಕಿರಿಯ ಅಧ್ಯಾಪಕರ ಬಗ್ಗೆ ನಾನು ಪ್ರಮಾಣ ಮಾಡಲಾರೆ. ಸ್ಕಾಟ್ಲೆಂಡಿನ ಎಡಿನ್‌ಬರೋದಲ್ಲಿ ತಯಾರಾಗಿ 2002ರಲ್ಲಿ ಹೊರಬಂದು, ಮರುವರ್ಷ ಕಂಪ್ಯೂಟರಿಗೂ ಬಂದ ಆಟ. ಕತೆ ನಡೆಯುವುದು 1986ರಲ್ಲಿ, ಅಮೆರಿಕದ ಮಯಾಮಿಯನ್ನು ನೋಡಿ ಕಟ್ಟಿದ ಒಂದು ಕಾಲ್ಪನಿಕ ನಗರದಲ್ಲಿ. ಕಥಾನಾಯಕನ ನಡತೆ ಇಲ್ಲಿ ವರ್ಣಿಸಲು ಯೋಗ್ಯವಲ್ಲ. ಕಾರು ಬೇಕಾದಾಗ ಕಂಡವರ ಕಾರಿನ ಬಾಗಿಲು ತೆಗೆದು ಅವರನ್ನು ಕೆಳಗಿಳಿಸುತ್ತಾನೆ ಎಂದರೆ ಸಾಕು. ಇದರ ಜೊತೆಗೆ ‘ಕ್ರಿಕೆಟ್ 07’ ಇತ್ತು. ನಾನೇ ಆಮೇಲೆ ಹಾಕಿಕೊಂಡ, ಹತ್ತು ಜನರೊಡನೆ ಅಂತರ್ಜಾಲದಲ್ಲಿ ಆಡುವ ಗುಂಡಿನ ಆಟವೂ ಒಂದಿತ್ತು. ಅದೊಂದೇ ಡಿಸ್ಕಿನ ಮೂರನೆಯ ಒಂದು ಪಾಲನ್ನು ನುಂಗಿ ಕೂತಿತ್ತು.

2025ರ ಆಗಸ್ಟಿನಲ್ಲಿ ನಾಲ್ಕನೆಯ ಸೆಮಿಸ್ಟರಿನ ಫಲಿತಾಂಶ ಬಂತು. ಅರ್ಥಶಾಸ್ತ್ರದಲ್ಲಿ ನಾನಿರಲಿಲ್ಲ. ಅಣ್ಣನಿಗೆ ಫೋನಿನಲ್ಲಿ ಹೇಳಿದೆ. ಅವನ ಹಿಂದೆ ಯಂತ್ರಗಳ ಸದ್ದು ಕೇಳುತ್ತಿತ್ತು. ಬೈಯಲಿಲ್ಲ. “ಆ ಗೇಮ್‌ಗಳ್ನೆಲ್ಲ ತೆಗ್ದ್ಹಾಕು” ಎಂದಷ್ಟೇ ಹೇಳಿ, “ಶಿಫ್ಟ್ ಇದೆ, ಇಡ್ತೀನಿ” ಎಂದ. ಬೈದಿದ್ದರೆ ವಾದಿಸಬಹುದಾಗಿತ್ತು.

ಅಂದೇ ರಾತ್ರಿ ತೆಗೆದುಹಾಕಿದೆ. ಹೇಗೆಂದರೆ, ಪರದೆಯ ಮೇಲಿದ್ದ ಮೂರು ಚಿತ್ರಗಳನ್ನು ಒಂದೊಂದಾಗಿ ಆರಿಸಿ ಅಳಿಸಿದೆ. ಬಾಗಿಲ ಮೇಲಿನ ನಾಮಫಲಕವನ್ನು ಕಿತ್ತು ಬಾಡಿಗೆದಾರನನ್ನು ಓಡಿಸಿದೆನೆಂದು ಮೀಸೆ ತಿರುವಿದ ಯಜಮಾನನ ಜಾಣತನ ಅದು. ಆ ಚಿತ್ರಕ್ಕೆ ಶಾರ್ಟ್‌ಕಟ್ ಎಂಬ ಹೆಸರಿರುವುದು ಸುಮ್ಮನೆ ಅಲ್ಲ. ಅದು ದಾರಿ ತೋರಿಸುವ ಚೀಟಿ ಮಾತ್ರ. ದಾರಿಯೋ ನನಗೆ ಬಾಯಿಪಾಠವಾಗಿತ್ತು. ಮೂರನೆಯ ದಿನ ಸಂಜೆ ಡಿಸ್ಕಿನೊಳಗೆ ನೇರವಾಗಿ ಹೊಕ್ಕು, ಕಡತಕೋಶವನ್ನು ತೆರೆದು, ಆಟವನ್ನು ಅದರ ಮನೆಯ ಹಿತ್ತಲ ಬಾಗಿಲಿನಿಂದಲೇ ಮಾತಾಡಿಸಿದೆ.

ಎರಡನೆಯ ಸಲ ಕ್ರಮವಾಗಿಯೇ ಮಾಡಿದೆ. ಸೆಟ್ಟಿಂಗ್ಸ್‌ಗೆ ಹೋಗಿ, ಆಪ್ಸ್ ಎಂಬ ಪಟ್ಟಿಯಲ್ಲಿ ಆಟದ ಹೆಸರನ್ನು ಹಿಡಿದು, ಅನ್‌ಇನ್‌ಸ್ಟಾಲ್ ಒತ್ತಿದೆ. ಹಸಿರು ಪಟ್ಟಿ ತುಂಬುತ್ತ ಬಂದು ಕೆಲಸವಾಯಿತೆಂದಿತು. ಒಂದು ವಾರ ನಾನು ಸಾಧುವಾಗಿದ್ದೆ. ಎಂಟನೆಯ ದಿನ, ಭಾನುವಾರ, ಮಳೆ. ಅಣ್ಣನ ಹಳೆಯ ಪೆನ್‌ಡ್ರೈವಿನಿಂದ ಆಟವನ್ನು ಮತ್ತೆ ಹಾಕಿಕೊಂಡೆ. ಮೊದಲಿನಿಂದ ಆಡಬೇಕಾದೀತು, ಬೇಸರ ಬಂದು ತಾನಾಗಿ ಬಿಟ್ಟೇನು ಎಂದು ಮನಸ್ಸಿಗೆ ಸಮಾಧಾನ ಹೇಳಿಕೊಂಡಿದ್ದೆ. ತೆರೆದರೆ, ನಾನು ಎಲ್ಲಿ ನಿಲ್ಲಿಸಿದ್ದೆನೋ ಅಲ್ಲಿಯೇ, ನನ್ನ ದುಡ್ಡು, ನನ್ನ ಬಂಗಲೆ, ನನ್ನ ಬಂದೂಕುಗಳೊಡನೆ ಆಟ ನನಗಾಗಿ ಕಾದು ನಿಂತಿತ್ತು!

ಇದೇನು ಮಾಯೆಯೆಂದು ಆಮೇಲೆ ತಿಳಿದುಕೊಂಡೆ. ಅನ್‌ಇನ್‌ಸ್ಟಾಲರ್ ಎಂಬುದು ಬಹಳ ನಿಯತ್ತಿನ ಆಳು. ಆಟವನ್ನು ಸ್ಥಾಪಿಸುವಾಗ ಎಲ್ಲೆಲ್ಲಿ ಏನೇನು ಇಟ್ಟರೋ ಅದಕ್ಕೆ ಒಂದು ಪಟ್ಟಿಯಿರುತ್ತದೆ. ಆಳು ಆ ಪಟ್ಟಿ ಹಿಡಿದುಕೊಂಡು ಬಂದು ಅದರಲ್ಲಿದ್ದುದನ್ನು ಮಾತ್ರ ಹೊರುತ್ತಾನೆ. ಆಟ ನಡೆಯುತ್ತಿದ್ದಾಗ ಹುಟ್ಟಿಕೊಂಡ ಕಡತಗಳು, ನಾವೇ ತಂದು ಸೇರಿಸಿದವು ಪಟ್ಟಿಯಲ್ಲಿಲ್ಲ, ಅವನ್ನು ಮುಟ್ಟುವುದಿಲ್ಲ. ಎಷ್ಟೋ ಸಲ ಇದು ಬೇಕೆಂದೇ ಮಾಡಿದ ಏರ್ಪಾಡು. ಗಿರಾಕಿ ಇನ್ನೊಮ್ಮೆ ಬಂದರೆ ಅವನ ಮಣೆ ಅವನಿಗೆ ಸಿದ್ಧವಿರಲಿ ಎಂಬ ಉಪಚಾರ. ವೈಸ್ ಸಿಟಿಯಾದರೆ ಡಾಕ್ಯುಮೆಂಟ್ಸ್ ಕೋಶದೊಳಗೆ ತನ್ನ ಹೆಸರಿನದೇ ‘ಯೂಸರ್ ಫೈಲ್ಸ್’ ಎಂಬ ಕೋಶ ಮಾಡಿಕೊಂಡು, ಆಟಗಾರನ ಪ್ರಗತಿಯನ್ನು ಎಂಟು ಮನೆಗಳಲ್ಲಿ ಕಾಪಾಡುತ್ತದೆ. ಒಂದೊಂದೂ ಇನ್ನೂರು ಕೆ.ಬಿ.ಯ ಆಸುಪಾಸು, ಮೊಬೈಲಿನಲ್ಲಿ ತೆಗೆದ ಒಂದು ಫೋಟೋದ ಗಾತ್ರವೂ ಇಲ್ಲ. ನನ್ನ ಎರಡು ವರ್ಷದ ಸಂಜೆಗಳು ಅಷ್ಟರಲ್ಲಿ ಹಿಡಿಸಿದ್ದವು.

ಸರಿ, ಬೇರುಸಹಿತ ಕೀಳದೆ ಗತ್ಯಂತರವಿಲ್ಲವೆಂದು ಸೊಂಟ ಕಟ್ಟಿದೆ. ಈ ಪುಣ್ಯಕಾರ್ಯಕ್ಕೆ ಮನಸ್ಸು ಮಾಡುವ ಮಿತ್ರರಿಗೆ ಉಪಯೋಗವಾದೀತೆಂದು ಕಂಡದ್ದನ್ನು ಬರೆಯುತ್ತೇನೆ. ಮೊದಲು ಕ್ರಮವಾಗಿ ಅನ್‌ಇನ್‌ಸ್ಟಾಲ್ ಮಾಡಬೇಕು; ಅವಸರದಲ್ಲಿ ಕೋಶವನ್ನೇ ಅಳಿಸಿದರೆ ಪಟ್ಟಿ ಹಿಡಿದ ಆಳನ್ನೂ ಕೊಂದಂತಾಗುತ್ತದೆ, ಹೆಸರು ಮಾತ್ರ ಪಟ್ಟಿಯಲ್ಲಿ ನಿಂತು ಅಣಕಿಸುತ್ತದೆ. ಆಮೇಲೆ ಪ್ರೋಗ್ರಾಂ ಫೈಲ್ಸ್‌ನಲ್ಲಿ ಖಾಲಿ ಕೋಶ ಉಳಿದಿದೆಯೇ ನೋಡಬೇಕು. ಡಾಕ್ಯುಮೆಂಟ್ಸ್, ಅದರೊಳಗಿನ ಮೈ ಗೇಮ್ಸ್, ಪಕ್ಕದ ಸೇವ್ಡ್ ಗೇಮ್ಸ್ ಇವನ್ನು ಹುಡುಕಬೇಕು. ಎಲ್ಲಕ್ಕಿಂತ ಕಳ್ಳಕೋಣೆ ಎಂದರೆ ಆಪ್‌ಡೇಟಾ. ವಿಂಡೋಸ್ ಅದನ್ನು ಮರೆಮಾಡಿ ಇಟ್ಟಿರುತ್ತದೆ. ಮರೆಯಾದುದನ್ನು ತೋರಿಸೆಂದು ಆಜ್ಞೆ ಕೊಟ್ಟರೆ ಲೋಕಲ್, ಲೋಕಲ್‌ಲೋ, ರೋಮಿಂಗ್ ಎಂದು ಒಳಗೆ ಮೂರು ಅಂಕಣ. ನಾನು ಯಾವತ್ತೋ ಹಾಕಿ ಅರ್ಧ ಗಂಟೆ ಆಡಿ ಬಿಟ್ಟ ಆಟಗಳ ಅವಶೇಷಗಳೆಲ್ಲ ಅಲ್ಲಿದ್ದವು. ಆಟದಂಗಡಿಗಳ ಮೂಲಕ ಕೊಂಡ ಆಟಗಳ ಸಂಗತಿ ಬೇರೆ. ಸ್ಟೀಮ್‌ನಂಥ ಕಡೆ ಎಷ್ಟೋ ಆಟಗಳ ಪ್ರಗತಿ ಕಂಪನಿಯ ದೂರದ ಕಂಪ್ಯೂಟರಿನಲ್ಲೇ ಭದ್ರವಾಗಿರುವುದರಿಂದ, ನಾವಿಲ್ಲಿ ಗುಡಿಸಿದ್ದು ಮತ್ತೆ ಅಲ್ಲಿಂದ ಇಳಿದುಬರುತ್ತದೆ.

ಗುಂಡಿನ ಆಟವಂತೂ ಹೋಗುವಾಗ ತನ್ನ ಕಾವಲುಗಾರನನ್ನು ಬಿಟ್ಟುಹೋಗಿತ್ತು. ಮೋಸದಾಟ ಹಿಡಿಯುವುದಕ್ಕೆಂದು ಆಟದ ಜೊತೆಯಲ್ಲಿ ಬಂದು ಕೂರುವ ಬೇರೆ ತಂತ್ರಾಂಶ ಅದು. ಯಜಮಾನ ಮನೆ ಬಿಟ್ಟರೂ, ದಿನವೂ ಕಂಪ್ಯೂಟರು ಎದ್ದೊಡನೆ ತಾನೂ ಎದ್ದು ಖಾಲಿ ಮನೆಯ ಮುಂದೆ ದೊಣ್ಣೆ ಹಿಡಿದು ನಿಲ್ಲುತ್ತಿತ್ತು. ಅದನ್ನು ಬೇರೆಯಾಗಿಯೇ ತೆಗೆಯಬೇಕಾಯಿತು.

ರಿಜಿಸ್ಟ್ರಿ ಎಂಬುದೊಂದಿದೆ. ವಿಂಡೋಸ್ ತನ್ನ ಮತ್ತು ತನ್ನಲ್ಲಿ ಬಂದಿಳಿದವರ ವಿವರವನ್ನೆಲ್ಲ ಬರೆದಿಡುವ ಶ್ಯಾನುಭೋಗರ ದಫ್ತರ. ಅಲ್ಲಿ ಉಳಿದ ಒಂದೆರಡು ಸಾಲಿನಿಂದ ಯಾರಿಗೂ ಕೇಡಿಲ್ಲ, ಜಾಗವೂ ಹೆಚ್ಚು ಹಿಡಿಯುವುದಿಲ್ಲ. ಆದರೆ ತಪ್ಪು ಸಾಲು ಹೊಡೆದುಹಾಕಿದರೆ ಕಂಪ್ಯೂಟರು ಏಳದೆ ಹೋದೀತು. ಮೊದಲು ಒಂದು ನಕಲು ತೆಗೆದಿಟ್ಟುಕೊಂಡು ಕೈಹಾಕಬೇಕು. ನಾನು ನಕಲು ತೆಗೆದೆ, ಒಳಗೆ ಇಣುಕಿದೆ, ಕೈಮುಗಿದು ಹೊರಗೆ ಬಂದೆ. ಈ ವಿವೇಕ ಇನ್ನೊಂದು ಕಡೆ ಇರಲಿಲ್ಲ. ಪಟ್ಟಿಯಲ್ಲಿ ‘ವಿಷುವಲ್ ಸಿ++’ ಎಂಬ ಒಂದೇ ಹೆಸರು ವರ್ಷವರ್ಷದ ಇಸವಿ ಹೊತ್ತು ಏಳೆಂಟು ಸಲ ಕಂಡಿತು. ಆಟಗಳೇ ತಂದ ಕಸವೆಂದು ನಾಲ್ಕನ್ನು ಕಿತ್ತೆ. ಮರುದಿನ ಫೋಟೋ ತಿದ್ದುವ ತಂತ್ರಾಂಶ, ಯಾವುದೋ ಕಡತ ಕಾಣೆಯಾಗಿದೆಯೆಂದು ಬಾಯಿಬಡಿದುಕೊಂಡಿತು. ಆ ಸರಕನ್ನು ತಂದವರು ಒಬ್ಬರಾದರೂ ಉಣ್ಣುವವರು ಹಲವರಂತೆ. ಮತ್ತೆ ತಂದು ಹಾಕಿದೆ.

ಇಷ್ಟನ್ನು ಬರೆಯುವಾಗ ಕೈ ಸರಾಗವಾಗಿ ಓಡಿತು. ಇನ್ನು ಮುಂದಿನದು ಅಷ್ಟು ಸರಾಗವಲ್ಲ.

ಯೂಸರ್ ಫೈಲ್ಸ್‌ನ ಎಂಟು ಮನೆಗಳಲ್ಲಿ ಆರು ನನ್ನವು. ಏಳನೆಯದು, ಎಂಟನೆಯದು ಅಣ್ಣನವು. ಆರು ವರ್ಷದಿಂದ ನಾನು ಮುಟ್ಟಿರಲಿಲ್ಲ. ಅವುಗಳ ಪಕ್ಕದಲ್ಲಿ ಕೊನೆಯ ಬಾರಿ ಆಡಿದ ತಾರೀಖು ಇತ್ತು: ಅವನು ಬೆಂಗಳೂರಿನ ರೈಲು ಹತ್ತಿದ ಹಿಂದಿನ ರಾತ್ರಿಯದು. ಇದನ್ನು ನಾನು ನೋಡಿದೆ. ನೋಡಲಿಲ್ಲವೆಂದು ಬರೆದರೆ ಸುಳ್ಳಾದೀತು. ಅವನಿಗೆ ಇನ್ನೇಕೆ ಇದೆಲ್ಲ, ಅವನೇ ತೆಗೆಯೆಂದನಲ್ಲ, ಎರಡು ಉಳಿಸಿದರೆ ನಾಳೆ ಅದರಿಂದಲೇ ನಾನು ಮತ್ತೆ ಶುರುಮಾಡುತ್ತೇನೆ ಎಂದೆಲ್ಲ ಯೋಚಿಸಿ, ಇಡೀ ಕೋಶವನ್ನು ಹಿಡಿದು ಶಿಫ್ಟ್ ಸಹಿತ ಡಿಲೀಟ್ ಒತ್ತಿದೆ. ಶಿಫ್ಟ್ ಸೇರಿದರೆ ಕಸದಬುಟ್ಟಿಯಲ್ಲೂ ಉಳಿಯುವುದಿಲ್ಲ. ಈಗಿನ ಎಸ್.ಎಸ್.ಡಿ. ಡಿಸ್ಕುಗಳಲ್ಲಿ ಹೀಗೆ ಅಳಿಸಿದ್ದನ್ನು ಆಮೇಲೆ ಹೆಕ್ಕಿ ತೆಗೆಯುವುದು ಬಹುಮಟ್ಟಿಗೆ ಆಗದ ಮಾತು.

ಆ ಹುಮ್ಮಸ್ಸಿನಲ್ಲೇ ಪ್ರೋಗ್ರಾಂ ಫೈಲ್ಸ್‌ಗೆ ಬಂದೆ. ಆಟದ ಕೋಶ ಇನ್ನೂ ಅಲ್ಲಿತ್ತು; ಒಳಗೆ ಎಂಪಿ3 ಎಂಬ ಒಂದೇ ಮರಿಕೋಶ. ಎಡಗೈ ಬೆರಳು ಶಿಫ್ಟ್ ಮೇಲೆ ಇತ್ತು. ಎಲ್ಲ ಹೋದ ಮೇಲೂ ಇದಕ್ಕೆ ಅರವತ್ತು ಎಂ.ಬಿ. ತೂಕವೇಕೆಂದು ಸುಮ್ಮನೆ ತೆರೆದೆ. ಹದಿನಾಲ್ಕು ಹಾಡುಗಳು. ಹನ್ನೊಂದು ಸಿನಿಮಾದವು. ಉಳಿದ ಮೂರರ ಹೆಸರು ಅಜ್ಜಿ1, ಅಜ್ಜಿ2, ಅಜ್ಜಿ3.

ಆಗ ನೆನಪಾಯಿತು. ವೈಸ್ ಸಿಟಿಯ ಕಾರುಗಳಲ್ಲಿ ರೇಡಿಯೋ ಉಂಟು. ಆಟಗಾರನು ತನ್ನ ಹಾಡುಗಳನ್ನು ಈ ಕೋಶಕ್ಕೆ ಹಾಕಿದರೆ ಅದೇ ರೇಡಿಯೋದಲ್ಲಿ ಅವೂ ಕೇಳುತ್ತವೆ. ನಮ್ಮಜ್ಜಿಗೆ ಬೀಸುವ ಪದ ಬಹಳ ಬರುತ್ತಿದ್ದವು. ರಾಗಿಕಲ್ಲು ಅಟ್ಟ ಸೇರಿ ಎಷ್ಟೋ ವರ್ಷವಾಗಿದ್ದರೂ ಪದ ಅಟ್ಟ ಸೇರಿರಲಿಲ್ಲ. 2018ರಲ್ಲಿ ಒಂದು ಮಧ್ಯಾಹ್ನ ಅಣ್ಣ ಅವನ್ನು ಫೋನಿನಲ್ಲಿ ಹಿಡಿದು, ಅಂಗಡಿಯಲ್ಲಿ ಎಂಪಿ3 ಮಾಡಿಸಿ, ತಮಾಷೆಗೆ ಇಲ್ಲಿ ಸೇರಿಸಿದ. ಕಡಲತೀರದ ರಸ್ತೆ, ಸಾಲು ತೆಂಗು, ಗುಲಾಬಿ ಬಣ್ಣದ ಹೋಟೆಲುಗಳು, ಬಿಳಿಯ ಕಾರಿನ ರೇಡಿಯೋದಲ್ಲಿ ಅಜ್ಜಿಯ ಬೀಸುವ ಪದ! ಅಜ್ಜಿಯನ್ನು ಕರೆದು ತೋರಿಸಿದ. ಅವಳು ಕಣ್ಣು ಕಿರಿದು ಮಾಡಿ ನೋಡಿ, “ಗಾಡಿ ಯಾರ್ದ್ಲಾ?” ಎಂದಳು. ಕಾರು ಕದ್ದದ್ದು. “ನಮ್ದೇ ಅಜ್ಜಿ” ಎಂದ ಅಣ್ಣ.

ಅಜ್ಜಿ 2021ರಲ್ಲಿ ತೀರಿಕೊಂಡಳು. ಅಣ್ಣನ ಆ ಫೋನು ಅದಕ್ಕೂ ಮುಂಚೆಯೇ ಕೆಟ್ಟಿತ್ತು. ಶಿಫ್ಟ್ ಮೇಲಿನ ಬೆರಳನ್ನು ಮೆಲ್ಲಗೆ ತೆಗೆದೆ. ಮೂರನ್ನೂ ಪೆನ್‌ಡ್ರೈವಿಗೆ ಹಾಕಿದೆ, ನನ್ನ ಫೋನಿಗೆ ಹಾಕಿದೆ, ನಂಬಿಕೆ ಸಾಲದೆ ಗೆಳೆಯನೊಬ್ಬನಿಗೆ ಕಳಿಸಿ ಇಟ್ಟುಕೋ ಎಂದೆ. ಅಣ್ಣನಿಗೆ ಮಾತ್ರ ಕಳಿಸಲಿಲ್ಲ. ಅದನ್ನು ಕಳಿಸಿದರೆ ಇನ್ನೊಂದನ್ನೂ ಹೇಳಬೇಕಾಗುತ್ತಿತ್ತು.

ದೀಪಾವಳಿಗೆ ಅವನು ಬಂದ. ಎಣ್ಣೆ ನೀರಾಗಿ, ಊಟವಾಗಿ, ಕಂಪ್ಯೂಟರಿನ ಮುಂದೆ ಕೂತು, “ಎಲ್ಲ ತೆಗೆದ್ಯಾ?” ಎಂದ. ತೆಗೆದೆನೆಂದೆ. “ನನ್ನವು ಎರಡು ಸೇವ್ ಇದ್ವಲ್ಲ?”

ಹೇಳಿದೆ.

ಅಣ್ಣ ಸ್ವಲ್ಪ ಹೊತ್ತು ಮೌಸನ್ನು ಅತ್ತಿತ್ತ ಆಡಿಸಿದ. ಆ ಆಟದಲ್ಲಿ, ಆಟಿಕೆಯ ಹೆಲಿಕಾಪ್ಟರಿನಲ್ಲಿ ನಾಲ್ಕು ಬಾಂಬುಗಳನ್ನು ಹೊತ್ತು ಕಟ್ಟುತ್ತಿರುವ ಕಟ್ಟಡದೊಳಗೆ ಇಡಬೇಕಾದ ಒಂದು ಘಟ್ಟವಿದೆ. ಅದರಲ್ಲಿ ಸೋತವರು ಲೋಕದ ತುಂಬ ಇದ್ದಾರೆ. “ಹೊರಡೋ ಹಿಂದಿನ ರಾತ್ರಿ ಅದನ್ನ ದಾಟಿದ್ದೆ ಕಣೋ. ಮೂರೂವರೆ ಗಂಟೆಗೆ. ಯಾರನ್ನ ಎಬ್ಬಿಸಿ ಹೇಳೋದು” ಎಂದ. ನನಗೆ ಏನು ಹೇಳಬೇಕೋ ತೋಚಲಿಲ್ಲ. ಕ್ಷಮಿಸು ಎಂಬ ಮಾತು ನಮ್ಮ ಮನೆಯಲ್ಲಿ ಬಳಕೆಯಲ್ಲಿಲ್ಲ.

ಎದ್ದು ಅವನ ಕೈಯಿಂದ ಮೌಸ್ ತೆಗೆದುಕೊಂಡು ಅಜ್ಜಿ2 ಹಚ್ಚಿದೆ. ಪದ ಶುರುವಾಗುವ ಮೊದಲು ಅಜ್ಜಿ ಎಲೆಯಡಿಕೆ ಉಗಿದು ಬಂದ ಸದ್ದಿದೆ. ಆಮೇಲೆ ಪದ. ನಡುವೆ ಒಂದು ಕಡೆ ಮರೆತು, ತಾನೇ ನಕ್ಕು, ಹಿಂದಿನ ಸಾಲಿನಿಂದ ಹಿಡಿಯುತ್ತಾಳೆ. ಅಣ್ಣ ಪರದೆಯನ್ನೇ ನೋಡುತ್ತಿದ್ದ, ಅಲ್ಲಿ ನೋಡುವಂಥದು ಏನೂ ಇರಲಿಲ್ಲ. ಅಮ್ಮ ಅಡಿಗೆಮನೆಯಿಂದ ಒದ್ದೆ ಕೈಯಲ್ಲೇ ಬಂದು ಬಾಗಿಲಲ್ಲಿ ನಿಂತಳು.

ಪದ ಮುಗಿದ ಮೇಲೂ ಫೋನು ಇನ್ನೊಂದಿಷ್ಟು ಹಿಡಿದಿದೆ.

“ಆಯ್ತೇನ್ಲಾ?” ಎನ್ನುತ್ತಾಳೆ ಅಜ್ಜಿ.

“ಆಯ್ತಜ್ಜಿ.”

“ಹಂಗಾರೆ ಎದ್ದೋಗಿ ಎಮ್ಮೆಗೆ ಹುಲ್ಲಾಕೋಗು.”

“ಅವತ್ತು ಇವನು ಹಾಕ್ಲೇ ಇಲ್ಲ” ಎಂದಳು ಅಮ್ಮ ಬಾಗಿಲಿನಿಂದ. “ನಾನೇ ಹಾಕಿದ್ದು.”