ಒಪ್ಪಿಕೊಂಡನಂತೆ

ಕಳೆದ ವಾರ ಆಫೀಸಿನಲ್ಲಿ ಚಹಾ ಕುಡಿಯುವಾಗ ಸಹೋದ್ಯೋಗಿಯೊಬ್ಬ ಮೊಬೈಲ್ ತೋರಿಸಿ, ‘ಪೊಲೀಸರ ಮುಂದೆ ಒಪ್ಪಿಕೊಂಡನಂತೆ ಗುರು, ಕೇಸ್ ಮುಗೀತು’ ಅಂದ. ನನಗೆ ನಮ್ಮೂರು ಕೊಡಂಬಲದ ಗುಡಿ ಕಟ್ಟೆ ನೆನಪಾಯ್ತು.

ಆಗ ನಾನು ಏಳನೇ ಕ್ಲಾಸು. ಊರಿನ ಒಬ್ಬರ ಬಾವಿಯ ಮೋಟಾರಿನ ವೈರ್ ಕಳುವಾಗಿತ್ತು. ಹಿಂದಿನ ದಿನ ಅದೇ ಬಾವಿಯಲ್ಲಿ ಈಜಿದ್ದವರು ನಾನು ಮತ್ತು ನನ್ನ ಗೆಳೆಯ. ಇಬ್ಬರನ್ನೂ ಬೇರೆ ಬೇರೆ ಕೂರಿಸಿದರು. ಮೊದಲು ಎರಡು ಏಟು ಬಿತ್ತು. ಆಮೇಲೆ ಮೆತ್ತಗೆ, ‘ನಿನ್ನ ಗೆಳ್ಯಾ ಎಲ್ಲಾ ಹೇಳ್ಯಾನ. ನೀನೂ ಖರೆ ಹೇಳು, ಬಿಟ್ಟುಬಿಡ್ತೀವಿ’ ಅಂದರು. ‘ಇಬ್ರೂ ಕೂಡೇ ತಗೊಂಡ್ವಿ, ಅವನೇ ಕರಕೊಂಡು ಹೋಗಿದ್ದ’ ಅಂದೆ. ಆ ವೈರ್ ನಾನು ಕಣ್ಣಿಂದ ನೋಡಿಯೂ ಇರಲಿಲ್ಲ. ನನ್ನನ್ನು ಬಿಟ್ಟರು. ಅವನ ಅಪ್ಪ ಎರಡು ಆಡು ಮಾರಿ ದಂಡ ಕಟ್ಟಿದ. ಆ ವರ್ಷವೇ ಗೆಳೆಯ ಸಾಲಿ ಬಿಟ್ಟು ಹೈದರಾಬಾದಿಗೆ ಗಾರೆ ಕೆಲಸಕ್ಕೆ ಹೋದ.

ಕಾನೂನು ಏನು ಹೇಳುತ್ತದೆ ಅಂತ ಓದಿದ್ದು ಬಹಳ ತಡವಾಗಿ. ಅಧಿಕಾರ ಇದ್ದವರು ಹೆದರಿಸಿ, ಆಸೆ ತೋರಿಸಿ ಪಡೆದ ತಪ್ಪೊಪ್ಪಿಗೆ ಕೋರ್ಟಿನಲ್ಲಿ ನಡೆಯುವುದಿಲ್ಲ. ಪೊಲೀಸರ ಮುಂದೆ ಹೇಳಿದ ತಪ್ಪೊಪ್ಪಿಗೆಯನ್ನು ಆರೋಪಿಯ ವಿರುದ್ಧ ಬಳಸುವ ಹಾಗಿಲ್ಲ. 1872ರ ಸಾಕ್ಷ್ಯ ಕಾಯ್ದೆಯಲ್ಲಿ ಇದು 25ನೇ ಕಲಂ. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ 23ನೇ ಕಲಂ. ಅವನ ಮಾತಿನಿಂದ ಕಳುವಾದ ಮಾಲು ಸಿಕ್ಕರೆ, ಅದಕ್ಕೆ ಸಂಬಂಧಪಟ್ಟ ಅಷ್ಟು ಮಾತನ್ನು ಮಾತ್ರ ತೆಗೆದುಕೊಳ್ಳಬಹುದು. ಮ್ಯಾಜಿಸ್ಟ್ರೇಟರು ತಪ್ಪೊಪ್ಪಿಗೆ ಬರೆದುಕೊಳ್ಳಬಹುದು. ಆದರೆ ಹೇಳಲೇಬೇಕು ಅಂತಿಲ್ಲ, ಹೇಳಿದರೆ ನಿನಗೇ ಮುಳುವಾಗಬಹುದು ಅಂತ ಮೊದಲೇ ಎಚ್ಚರಿಸಬೇಕು. 2010ರಲ್ಲಿ, ಸೆಲ್ವಿ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದಲ್ಲಿ, ಒಪ್ಪಿಗೆಯಿಲ್ಲದೆ ಯಾರಿಗೂ ನಾರ್ಕೊ ಪರೀಕ್ಷೆ ಮಾಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು.

ಇನ್ನು ನನ್ನಂಥವರ ವಿಷಯ. ಅಪರಾಧದಲ್ಲಿ ಜೊತೆಗಿದ್ದವನು ಮಾಫಿ ಸಾಕ್ಷಿಯಾಗಿ ಬಂದರೆ ಅವನ ಮಾತನ್ನು ಕೇಳಬಹುದು. ಆದರೆ ಅದನ್ನು ಬೆಂಬಲಿಸುವ ಬೇರೆ ಸಾಕ್ಷಿಯನ್ನು ಕೋರ್ಟು ಹುಡುಕುತ್ತದೆ. ತಾನು ಪಾರಾಗಲು ಇನ್ನೊಬ್ಬನನ್ನು ಸಿಕ್ಕಿಸುವುದು ಸುಲಭ, ಅದು ಕಾನೂನಿಗೆ ಗೊತ್ತು. ನಾವೂ ಅಷ್ಟೇ ಅಲ್ವಾ, ಒಂದೇ ಕಡೆಯ ಲಾಗ್ ನೋಡಿ ಬಗ್ ಯಾರದು ಅಂತ ತೀರ್ಮಾನ ಮಾಡಲ್ಲ.

ಹೋದ ವರ್ಷ ಹುಮನಾಬಾದಿನ ವೀರಭದ್ರೇಶ್ವರ ಜಾತ್ರೆಯಲ್ಲಿ ಗೆಳೆಯ ಸಿಕ್ಕ. ಧೈರ್ಯ ಮಾಡಿ ಎಲ್ಲಾ ಹೇಳಿದೆ. ‘ನೀ ನನ್ನ ಹೆಸರು ಹೇಳೀದಿ ಅಂತ ಅವರು ಅಂದ್ರು, ನಾ ನಂಬಿಬಿಟ್ಟೆ’ ಅಂದೆ.

ಅವನು ಸ್ವಲ್ಪ ಹೊತ್ತು ಸುಮ್ಮನಿದ್ದ. ‘ನನಗೂ ಹಂಗೇ ಅಂದಿದ್ರಲೇ. ನಾ ನಂಬ್ಲಿಲ್ಲ’ ಅಂದ. ಚಹಾದ ರೊಕ್ಕ ಅವನೇ ಕೊಟ್ಟ.

ಸಹೋದ್ಯೋಗಿಗೆ ಇಷ್ಟೆಲ್ಲ ಹೇಳಲಿಲ್ಲ. ‘ಒಪ್ಪಿಕೊಂಡಿದ್ದು ಬಿಡು, ಬೇರೆ ಸಾಕ್ಷಿ ಏನಿದೆ?’ ಅಂತ ಮಾತ್ರ ಕೇಳಿದೆ.