ಬಿಸಿಲನ್ನು ಸ್ಟುಡಿಯೊಕ್ಕೆ ತಂದವರು

ಮಕ್ಕಳು ಡಾಕ್ಟರೋ ಎಂಜಿನಿಯರೋ ಆಗುತ್ತೇವೆಂದರೆ ಹೆತ್ತವರಿಗೆ ನೆಮ್ಮದಿ. ‘ಸಿನಿಮಾ ಕ್ಯಾಮೆರಾ ಕಲಿಯುತ್ತೇನೆ’ ಎಂದರೆ ಮಾತ್ರ ಮನೆಯಲ್ಲಿ ಮೌನ. ಅದು ಅನ್ನ ಕೊಡುವ ವಿದ್ಯೆಯೇ ಎಂಬ ಅನುಮಾನ ಸಹಜವೇ. ಅದಕ್ಕೆ ಉತ್ತರ ಬೇಕೆಂದರೆ ಮೈಸೂರಿನ ವಿ.ಕೆ. ಮೂರ್ತಿ ಅವರ ಬದುಕನ್ನು ನೋಡಬಹುದು.

1923ರಲ್ಲಿ ಹುಟ್ಟಿದ ಮೂರ್ತಿ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಮುಗಿಸಿದ್ದು 1946ರಲ್ಲಿ. ಆದರೆ ಸರ್ಟಿಫಿಕೇಟ್ ಹಿಡಿದು ಹೋದವರಿಗೆ ಮುಂಬೈಯಲ್ಲಿ ಸಿಕ್ಕಿದ್ದು ಸಹಾಯಕನ ಕೆಲಸ. ಫಲಿ ಮಿಸ್ತ್ರಿಯವರಂಥ ಹಿರಿಯರ ಕೈಕೆಳಗೆ ಅವರು ಪಳಗಿದರು.

ಕ್ಯಾಮೆರಾ ಹಿಡಿದವನೇ ಛಾಯಾಗ್ರಾಹಕ ಎಂದು ಹಲವರ ಎಣಿಕೆ. ದೊಡ್ಡ ಚಿತ್ರಗಳಲ್ಲಿ ಕ್ಯಾಮೆರಾ ಹಿಡಿದು, ನಟರ ಚಲನೆಗೆ ತಕ್ಕಂತೆ ಚೌಕಟ್ಟು ಕಾಯುವವನು ಆಪರೇಟರ್. ಬೆಳಕು ಎಲ್ಲಿಂದ ಬರಬೇಕು, ಮುಖದ ಎಷ್ಟು ಭಾಗ ನೆರಳಿನಲ್ಲಿರಬೇಕು, ಯಾವ ಲೆನ್ಸ್ ಬೇಕು ಎಂದು ನಿರ್ಧರಿಸುವವನು ಛಾಯಾಗ್ರಾಹಕ. ಮೊದಲಿನದರಿಂದ ಎರಡನೆಯದಕ್ಕೆ ಏರಲು ವರ್ಷಗಳೇ ಬೇಕು.

ಮೂರ್ತಿಯವರಿಗೆ ಆ ಅವಕಾಶ ಬಂದದ್ದು ಗುರುದತ್ ಅವರ ‘ಬಾಜಿ’ (1951) ಚಿತ್ರೀಕರಣದಲ್ಲಿ. ಆಗಲೂ ಅವರು ಸಹಾಯಕರೇ. ಹಾಡೊಂದಕ್ಕೆ ಕಷ್ಟದ ಶಾಟ್ ಒಂದನ್ನು ತಾವೇ ಸೂಚಿಸಿ, ತಾವೇ ತೆಗೆದು ತೋರಿಸಿದರು. ಮರುವರ್ಷದ ‘ಜಾಲ್’ ಚಿತ್ರಕ್ಕೆ ಗುರುದತ್ ಅವರನ್ನೇ ಛಾಯಾಗ್ರಾಹಕರನ್ನಾಗಿ ಕರೆದರು.

1959ರ ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿನಲ್ಲಿ ಕತ್ತಲ ಸ್ಟುಡಿಯೊದೊಳಗೆ ಬೆಳಕಿನ ಕೋಲೊಂದು ನೇರವಾಗಿ ಇಳಿಯುತ್ತದೆ. ವಿದ್ಯುತ್ ದೀಪದ ಬೆಳಕು ದೂರ ಹೋದಂತೆ ಹರಡಿಕೊಳ್ಳುತ್ತದೆ. ಸೂರ್ಯನ ಕಿರಣಗಳು ಹೆಚ್ಚುಕಡಿಮೆ ಸಮಾನಾಂತರ. ಹೈಸ್ಕೂಲು ಭೌತಶಾಸ್ತ್ರದ ಈ ಪಾಠವೇ ಅಲ್ಲಿ ಕೆಲಸಕ್ಕೆ ಬಂತು. ಮೂರ್ತಿ ದೊಡ್ಡ ಕನ್ನಡಿಗಳನ್ನಿಟ್ಟು ಹೊರಗಿನ ಬಿಸಿಲನ್ನೇ ಒಳಕ್ಕೆ ತಿರುಗಿಸಿದರು.

ಚಿತ್ರ ಸೋತಿತು. ಛಾಯಾಗ್ರಹಣಕ್ಕೆ ಮಾತ್ರ ಫಿಲ್ಮ್‌ಫೇರ್ ಪ್ರಶಸ್ತಿ ಬಂತು. ಚಿತ್ರದ ಸೋಲು ಗೆಲುವು ಕ್ಯಾಮೆರಾದವನ ಕೈಯಲ್ಲಿಲ್ಲ, ಕೆಲಸದ ಅಚ್ಚುಕಟ್ಟು ಅವನ ಕೈಯಲ್ಲಿದೆ. ಈ ವೃತ್ತಿಗೆ ಹೊರಡುವವರು ಮೊದಲೇ ತಿಳಿದಿರಬೇಕಾದ ಮಾತಿದು. 2008ರ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ 2010ರಲ್ಲಿ ಅವರ ಕೈ ಸೇರಿತು. ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಅವರು. 2014ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಎಲ್ಲರಿಗೂ ಫಾಲ್ಕೆ ಪ್ರಶಸ್ತಿ ಸಿಗುವುದಿಲ್ಲ. ಸಹಾಯಕನ ವರ್ಷಗಳನ್ನು ಮಾತ್ರ ಯಾರೂ ತಪ್ಪಿಸಿಕೊಳ್ಳುವಂತಿಲ್ಲ. ಆ ಕಾಲದಲ್ಲಿ ಸಂಬಳ ಕಡಿಮೆ, ದುಡಿಮೆ ಹೆಚ್ಚು. ಅದೇ ಪಾಲಿಟೆಕ್ನಿಕ್‌ನಲ್ಲಿ 1962ರಲ್ಲಿ ಓದು ಮುಗಿಸಿದ ಗೋವಿಂದ ನಿಹಲಾನಿ ಕೂಡ ಮೂರ್ತಿಯವರ ಸಹಾಯಕರಾಗಿಯೇ ಶುರು ಮಾಡಿದವರು.

ಈಗ ರೀಲಿನ ಜಾಗಕ್ಕೆ ಡಿಜಿಟಲ್ ಬಂದಿದೆ. ಬೆಳಕು ಮಾತ್ರ ಅಂದಿನದೇ. ಮಗನೋ ಮಗಳೋ ಕ್ಯಾಮೆರಾ ಬೇಕೆಂದರೆ ತಕ್ಷಣ ಬೈಯಬೇಡಿ, ತಕ್ಷಣ ಕೊಡಿಸಲೂಬೇಡಿ. ನಡುಮನೆಯ ಕಿಟಕಿಯ ಬಿಸಿಲು ಬೆಳಿಗ್ಗೆ ಎಲ್ಲಿ ಬೀಳುತ್ತದೆ, ಸಂಜೆ ಎಲ್ಲಿಗೆ ಸರಿಯುತ್ತದೆ ಎಂದು ಕೇಳಿ. ಹೇಳಲು ಬಂದರೆ, ಅರ್ಧ ಪಾಠ ಆಗಲೇ ಆಗಿದೆ.